ಓಟಕ್ಕೆ ಮುಂಚಿನ ಇಪ್ಪತ್ತು ನಿಮಿಷ

12 ಜೂನ್

ಪ್ರೀತಿಯ ಅಕ್ಕ,

ಫೋನ್ ಮಾಡೋಣವೆಂದುಕೊಂಡೆ. ಹೋದ ಸಲ ನಾನು "ಗೆದ್ದೆ" ಅಂದದ್ದು ನಿನಗೆ "ಬಿದ್ದೆ" ಎಂದು ಕೇಳಿಸಿ, ಭಾವ ಫೋನ್ ಕಿತ್ತುಕೊಂಡು ಯಾವ ಆಸ್ಪತ್ರೆ ಎಂದು ಕೇಳಿದ್ದು ನೆನಪಾಯಿತು. ನಿನ್ನ ಕಿವಿಯ ಮಿಷನ್ನಿಗೂ ಫೋನಿಗೂ ಆಗಿಬರುವುದಿಲ್ಲ. ಕಾಗದವೇ ವಾಸಿ.

ನಿನ್ನೆ ಪಾಲಿಕೆ ಸಭೆಯಲ್ಲಿ ಕಾಲು ಗಂಟೆ ಮಾತಾಡಿದೆ. ಕಾರ್ಪೊರೇಟರ್ ಆಗಿ ಒಂಬತ್ತು ವರ್ಷವಾಯಿತು, ನಾನು ಎದ್ದರೆ ಅರ್ಧ ಜನ ಚಹಾಕ್ಕೆ ಏಳುತ್ತಾರೆ. ನಿನ್ನೆ ಒಬ್ಬರೂ ಏಳಲಿಲ್ಲ. ವಿಷಯ ನಿನಗೆ ಗೊತ್ತಿರುವುದೇ: ಪಾಲಿಕೆಯ ಹಳೇ ಮೈದಾನವನ್ನು ಸರಿಯಾದ ಕ್ರೀಡಾಂಗಣ ಮಾಡಬೇಕು, ಮುಂದಿನ ವರ್ಷದ ರಾಷ್ಟ್ರೀಯ ಅಥ್ಲೆಟಿಕ್ಸ್ ಕೂಟವನ್ನು ನಮ್ಮ ಊರಿಗೆ ತರಬೇಕು. ಮೊದಲು ಫುಟ್‌ಬಾಲ್ ಲೀಗ್ ತರುತ್ತೇನೆಂದು ಓಡಾಡಿದೆ, ಆಮೇಲೆ ಹಾಕಿ. ಎರಡೂ ಕಡೆಯವರು ಬಂದರು, ಮೈದಾನದ ಗೋಡೆ ನೋಡಿದರು, ಬಿಸ್ಕತ್ತು ತಿಂದು ಹೋದರು. ಅಂದಿನಿಂದ ನನಗೆ 'ಸ್ಟೇಡಿಯಂ' ಎಂದೇ ಹೆಸರು. ಕನ್ನಡಕ ಮಾಡಿಸಲು ಬಂದವರೂ "ಸ್ಟೇಡಿಯಂ ಇದಾರಾ?" ಅಂತಲೇ ಅಂಗಡಿಯೊಳಗೆ ಇಣುಕುತ್ತಾರೆ.

ಈ ಸಲ ಅಂಕಿಅಂಶ ಬಿಟ್ಟು ನಿನ್ನ ಕಥೆ ಹೇಳಿದೆ. ಹದಿನೇಳು ವರ್ಷದ ಒಬ್ಬ ಹುಡುಗಿ ಎಂಟುನೂರು ಮೀಟರ್ ಓಟದಲ್ಲಿ ಇಡೀ ಪ್ರಾಂತ್ಯಕ್ಕೆ ಮೊದಲು ಬಂದಳು, ರಾಷ್ಟ್ರೀಯ ಕೂಟಕ್ಕೆ ಆಯ್ಕೆಯಾದಳು, ಆದರೆ ಕೂಟ ತುಂಬಾ ದೂರದ ಊರಲ್ಲಿ ಎಂದು ಮನೆಯ ಹಿರಿಯರು ಕಳಿಸಲಿಲ್ಲ ಎಂದೆ. "ಆ ಹುಡುಗಿ ನನ್ನ ಅಕ್ಕ. ಇನ್ನೊಬ್ಬರ ಅಕ್ಕನಿಗೆ ಹೀಗಾಗಬಾರದು. ಹುಡುಗಿ ದೂರ ಹೋಗೋಕಾಗದಿದ್ರೆ ಕೂಟಾನೇ ಇಲ್ಲಿಗೆ ಬರಲಿ" ಎಂದೆ. ಮೇಜು ತಟ್ಟಿದರು ಅಕ್ಕ! ಎದುರು ಸಾಲಿನವರೂ ತಟ್ಟಿದರು.

ತಟ್ಟದವರು ಒಬ್ಬರೇ, ನಮ್ಮ ನೀರಿನ ಮೇಡಂ. ಅವರ ವಾರ್ಡಿಗೆ ವಾರಕ್ಕೆ ಎರಡೇ ದಿನ ನೀರು. ಹಾಗಾಗಿ ಯಾವ ವಿಷಯ ಬಂದರೂ ಅವರದು ಒಂದೇ ಪ್ರಶ್ನೆ: "ಮೊದ್ಲು ಪೈಪ್ ಯಾವಾಗ?"

ಜುಲೈ ಇಪ್ಪತ್ತಕ್ಕೆ ಮತದಾನ. ಪತ್ರಿಕೆಯ ತುಣುಕು ಇದರೊಳಗಿದೆ. ಭಾವನಿಗೆ ತೋರಿಸು, ಅವರು ಪತ್ರಿಕೆಯನ್ನು ಹಿಂದಿನಿಂದ ಓದುವವರಾದರೂ ಇದು ಮುಖಪುಟ.

ನಿನ್ನ ತಮ್ಮ


19 ಜೂನ್

ಪುಟ್ಟ,

ಕಾಗದ ಬಂತು. ತುಣುಕನ್ನು ನಿನ್ನ ಭಾವ ಎರಡು ಸಲ ಗಟ್ಟಿಯಾಗಿ ಓದಿದರು. ಮೂರನೆಯ ಸಲ ಓದಲು ಹೊರಟಾಗ ಸಾಕು ಎಂದೆ.

ಮಾತು ಚೆನ್ನಾಗಿದೆ. ಚಿಕ್ಕವನಿದ್ದಾಗಿನಿಂದಲೂ ನೀನು ಮಾತುಗಾರ.

ಇಲ್ಲಿ ಹೊಸದೇನಿಲ್ಲ. ಮೇಲಿನ ಮಹಡಿಯ ಹುಡುಗಿಗೆ ದಿನ ತುಂಬುತ್ತಾ ಬಂದಿದೆ. ನಾನು ಹೆರಿಗೆ ವಾರ್ಡಿನ ನರ್ಸ್ ಕೆಲಸದಿಂದ ನಿವೃತ್ತಳಾಗಿ ಐದು ವರ್ಷವಾದರೂ ಅವಳು ದಿನಕ್ಕೆ ಎರಡು ಸಲ ಕೆಳಗಿಳಿದು ಬಂದು "ಸಿಸ್ಟರ್, ಇದು ನೋವಾ, ಗ್ಯಾಸಾ?" ಎಂದು ಕೇಳುತ್ತಾಳೆ. ನನ್ನ ಮೊಣಕಾಲು ಮೆಟ್ಟಿಲು ಕಂಡರೆ ಮುನಿಸಿಕೊಳ್ಳುತ್ತದೆ, ಆದ್ದರಿಂದ ಅವಳೇ ಇಳಿದು ಬರಬೇಕು.

ಒಂದು ಮಾತು. ಹೇಳುವ ಮುಂಚೆ ನನ್ನನ್ನು ಕೇಳಬಹುದಿತ್ತು. ಆ ಕಥೆಯನ್ನು ಇನ್ನೊಮ್ಮೆ ಎಲ್ಲೂ ಹೇಳಬೇಡ.

ಅಕ್ಕ


27 ಜೂನ್

ಅಕ್ಕ,

ನಿನ್ನ ಕಾಗದವನ್ನು ಮಗುಚಿ ಹಾಕಿ ನೋಡಿದೆ, ಹಿಂದೆ ಇನ್ನೇನಾದರೂ ಬರೆದಿದ್ದೀಯೋ ಎಂದು.

ಕೇಳದೆ ಹೇಳಿದ್ದು ತಪ್ಪು, ಒಪ್ಪಿದೆ. ಆದರೆ ಅದರಲ್ಲಿ ನಿನಗೆ ನಾಚಿಕೆಯಾಗುವಂಥದ್ದು ಏನಿದೆ? ತಪ್ಪು ನಿನ್ನದಲ್ಲವಲ್ಲ. ಅಪ್ಪ ಎಂದೂ ನಾನು ಹೇಳಲಿಲ್ಲ, 'ಮನೆಯ ಹಿರಿಯರು' ಎಂದು ಮುಚ್ಚಿಯೇ ಹೇಳಿದೆ. ನಿಜ ಹೇಳಲೇ, ಅಷ್ಟು ಮರ್ಯಾದೆ ಕೊಟ್ಟದ್ದೂ ಹೆಚ್ಚಾಯಿತು. ನನಗೆ ಒಂಬತ್ತು ವರ್ಷ. ಆ ದಿನ ಶಾಲೆಯಿಂದ ಬಂದಾಗ ನೀನು ಗೋಡೆಯ ಕಡೆ ಮುಖ ಮಾಡಿ ಮಲಗಿದ್ದೆ. ಅಪ್ಪ ಏನೂ ಆಗದವರ ಹಾಗೆ ಗಿರಣಿಯ ಎರಡನೇ ಪಾಳಿಗೆ ಹೊರಟಿದ್ದರು. ಆ ಬೆನ್ನು ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದೆ.

ಈಗ ಕಥೆ ನನ್ನ ಕೈಮೀರಿದೆ. ಮೂರು ಶಾಲೆಯ ಹುಡುಗಿಯರು ಬಟ್ಟೆಯ ಮೇಲೆ 'ನಾವು ದೂರ ಹೋಗುವುದಿಲ್ಲ, ಕೂಟವೇ ಬರಲಿ' ಎಂದು ಬರೆದು ಮೆರವಣಿಗೆ ಮಾಡಿದರು. ಪತ್ರಿಕೆಯವರು ನಿನ್ನ ಹಳೆಯ ಫೋಟೊ ಕೇಳುತ್ತಿದ್ದಾರೆ. ಎಣಿಸಿ ನೋಡಿದರೆ ನಲವತ್ತೊಂದರಲ್ಲಿ ಇಪ್ಪತ್ತಮೂರು ಮತ ನಮ್ಮ ಕಡೆ ಇವೆ. ಅದರಲ್ಲಿ ಐದಾರು ಮಂದಿ ಬಂದದ್ದು ನಿನ್ನ ಕಥೆ ಕೇಳಿಯೇ.

ಇಪ್ಪತ್ತನೇ ತಾರೀಖು ನೀನು, ಭಾವ ಬಂದು ಗ್ಯಾಲರಿಯಲ್ಲಿ ಕೂರಬೇಕು. ರೈಲು ನಿಲ್ದಾಣಕ್ಕೆ ನಾನೇ ಬರುತ್ತೇನೆ. ಇಲ್ಲ ಅನ್ನಬೇಡ.

ನಿನ್ನ ತಮ್ಮ


8 ಜುಲೈ

ಪುಟ್ಟ,

ಈ ಕಾಗದವನ್ನು ನಾಲ್ಕು ಸಲ ಬರೆದು ಹರಿದೆ. ಅಂಗಡಿಯಲ್ಲಿ ಜನರಿದ್ದರೆ ಈಗ ಓದಬೇಡ.

ನನ್ನನ್ನು ಅಪ್ಪ ತಡೆಯಲಿಲ್ಲ.

ಆಯ್ಕೆಯಾದ ಸುದ್ದಿ ಬಂದ ದಿನ ಅಪ್ಪ ಗಿರಣಿಯಲ್ಲಿ ಮೂರು ದಿನದ ರಜೆ ಬರೆದುಕೊಟ್ಟರು. ಟೈಮ್‌ಕೀಪರ್ ಕೆಲಸದವರು ಅವರು, ಹನ್ನೊಂದು ವರ್ಷದಲ್ಲಿ ಒಂದು ದಿನ ತಪ್ಪಿಸಿದವರಲ್ಲ. ಟಿಕೆಟ್ ತಂದರು, ಕಪ್ಪು ಚೀಲ ತಂದರು. ನಾನೂ ಕುಣಿದಾಡಿದೆ. ಆಮೇಲೆ ಡ್ರಿಲ್ ಮೇಷ್ಟ್ರು ಬಂದು, "ಹದಿನೈದು ಸಾವಿರ ಜನ ಕೂರೋ ಮೈದಾನ ಕಣಮ್ಮ, ತಲೆ ಎತ್ತಿ ನೋಡಿದ್ರೆ ಕೊನೆ ಸಾಲಿನವರ ಮುಖ ಕಾಣಲ್ಲ" ಎಂದರು. ಹುರುಪು ತುಂಬಲೆಂದು ಹೇಳಿದ್ದು. ಅಂದಿನಿಂದ ನಾನು ರಾತ್ರಿ ಮಲಗಿ ಆ ಹದಿನೈದು ಸಾವಿರ ಜನರನ್ನು ಎಣಿಸಲು ಹೋಗುತ್ತಿದ್ದೆ. ಶಾಲೆಯ ಹಿಂದಿನ ಮಣ್ಣಿನ ಬಯಲು ಬಿಟ್ಟರೆ ನಾನು ಓಡಿದ್ದ ದೊಡ್ಡ ಜಾಗವೆಂದರೆ ಪ್ರಾಂತ್ಯದ ಕೂಟದ್ದೊಂದೇ, ಅಲ್ಲಿ ನೋಡಲು ಇನ್ನೂರು ಜನ ಇದ್ದರೇನೋ.

ನೀನೂ ಬರುತ್ತೇನೆಂದು ಹಟ ಹಿಡಿಯುತ್ತೀಯೆಂದು ನಿನಗೆ ಏನೂ ಹೇಳಿರಲಿಲ್ಲ. ಹೊರಡುವ ದಿನ ಬೆಳಿಗ್ಗೆ ನಿನಗೆ ತಿಂಡಿ ಕೊಟ್ಟು ಶಾಲೆಗೆ ಕಳಿಸಿ ನಾನೂ ಅಪ್ಪನೂ ನಿಲ್ದಾಣಕ್ಕೆ ಹೋದೆವು. ರೈಲು ಬಂತು. ಅಪ್ಪ ಹತ್ತಿ, ಚೀಲ ಇಟ್ಟು, ಕಿಟಕಿಯ ಪಕ್ಕದ ಜಾಗ ಹಿಡಿದು ಕೈ ಚಾಚಿದರು. ನಾನು ಪ್ಲಾಟ್‌ಫಾರ್ಮಿನ ಕಂಬ ಹಿಡಿದುಕೊಂಡು ನಿಂತುಬಿಟ್ಟೆ.

"ಏನಾಯ್ತೇ? ಹೊಟ್ಟೆ ನೋವಾ?"

"ಇಲ್ಲ ಅಪ್ಪ. ಹೆದರಿಕೆ. ನನಗಾಗಲ್ಲ."

ಅವರು ಬೈಯಲಿಲ್ಲ, ಎಳೆಯಲಿಲ್ಲ. ಒಳಗೆ ಹೋಗಿ ಚೀಲ ತಂದರು. ರೈಲು ಹೋಯಿತು. ಬೆಂಚಿನ ಮೇಲೆ ಕೂತು ನಾನು ಬಿಕ್ಕಿ ಬಿಕ್ಕಿ ಅತ್ತೆ. ಓಡಲಿಲ್ಲವೆಂದಲ್ಲ, ಶಾಲೆಯಲ್ಲಿ ಎಲ್ಲರೂ ನಗುತ್ತಾರಲ್ಲ ಎಂದು. ಆಮೇಲೆ ನಾನೇ ಕೇಳಿದೆ, "ನೀವು ಬೇಡ ಅಂದ್ರಿ ಅಂತ ಹೇಳಲಾ ಅಪ್ಪ?" ಅವರು ಚೀಲ ಹೆಗಲಿಗೆ ಹಾಕಿಕೊಂಡು ಎದ್ದರು. "ಹೇಳು" ಎಂದರು. ಅಷ್ಟೇ.

ಮಾರನೆಯ ದಿನ ಡ್ರಿಲ್ ಮೇಷ್ಟ್ರು ಮನೆ ಬಾಗಿಲಿಗೆ ಬಂದು ಅಪ್ಪನಿಗೆ ಬಾಯಿಗೆ ಬಂದ ಹಾಗೆ ಅಂದರು. ಅಪ್ಪ ತಲೆ ತಗ್ಗಿಸಿ, "ಹೆಣ್ಣುಮಗು, ಅಷ್ಟು ದೂರ ಬೇಡ ಅನ್ನಿಸ್ತು ಮೇಷ್ಟ್ರೇ" ಎಂದರು. ನೀನು ಸಭೆಯಲ್ಲಿ ಹೇಳಿದೆಯಲ್ಲ 'ದೂರ', ಆ ಮಾತು ಹುಟ್ಟಿದ್ದು ಆ ಬಾಗಿಲಲ್ಲಿ. ಅಮ್ಮನಿಗೆ ಎಲ್ಲ ಗೊತ್ತಿತ್ತು. ಅವಳೂ ಬಾಯಿ ಬಿಡಲಿಲ್ಲ.

ಚಿಕ್ಕ ಸುಳ್ಳು, ಸ್ವಲ್ಪ ದಿನ ಕಳೆದರೆ ಸರಿಹೋಗುತ್ತದೆ ಎಂದುಕೊಂಡೆ. ನಿನಗೆ ಹತ್ತೊಂಬತ್ತಾದಾಗ, ನೀನು ಓದಲು ಬೇರೆ ಊರಿಗೆ ಹೋಗುತ್ತೇನೆ ಎಂದೆ. ಅಪ್ಪ "ಅಲ್ಲಿ ಊಟಕ್ಕೆ ಏನು ಮಾಡ್ತೀಯಪ್ಪ?" ಎಂದು ಕೇಳಿದ್ದಷ್ಟೇ. ನೀನು ಸಿಡಿದುಬಿದ್ದೆ. "ಅಕ್ಕನ ಬಾಳು ಹಾಳು ಮಾಡಿದ್ದು ಸಾಲದಾ ನಿಮಗೆ? ಈಗ ನನ್ನದಾ?" ಎಂದೆ. ನಾನು ಅಡುಗೆಮನೆಯಲ್ಲಿ ಲೋಟ ತೊಳೆಯುತ್ತಿದ್ದೆ. ನಲ್ಲಿ ನಿಲ್ಲಿಸಿ ಕೇಳಿದೆ. ಹೊರಗೆ ಬರಲಿಲ್ಲ ಪುಟ್ಟ. ನಾಲ್ಕು ಹೆಜ್ಜೆ. ಬರಲಿಲ್ಲ.

ಅಪ್ಪ ಆಮೇಲೆ ಹನ್ನೆರಡು ವರ್ಷ ಬದುಕಿದ್ದರು. ನೀನು ಬಂದಾಗಲೆಲ್ಲ ಅಮ್ಮನ ಹತ್ತಿರ ಮಾತಾಡಿ ಹೋಗುತ್ತಿದ್ದೆ. ಅವರು ಜಗಲಿಯಲ್ಲಿ ಕೂತು ನಿನ್ನ ಚಪ್ಪಲಿ ನೋಡುತ್ತಿದ್ದರು. ಪ್ರತಿ ಸಲವೂ ಈ ಸಲ ಹೇಳುತ್ತೇನೆ ಅಂದುಕೊಳ್ಳುತ್ತಿದ್ದೆ.

ಇಪ್ಪತ್ತನೇ ತಾರೀಖಿಗೆ ನಾನು ಬರುವುದಿಲ್ಲ. ನಿನಗೆ ಏನು ಮಾಡಬೇಕೆನಿಸುತ್ತದೋ ಮಾಡು. ಬೈಯಬೇಕೆನಿಸಿದರೆ ಬೈದು ಬರೆ. ಬರೆಯದೆ ಮಾತ್ರ ಇರಬೇಡ.

ಅಕ್ಕ


17 ಜುಲೈ

ಸ್ಟೇಡಿಯಂ ಸಾಹೇಬರಿಗೆ,

ಇದು ಭಾವ. ನಾನು ಕಾಗದ ಬರೆದದ್ದು ಮದುವೆಗೆ ಮುಂಚೆ ಒಂದೇ ಸಲ, ಅದರಲ್ಲೂ ತಪ್ಪುಗಳಿದ್ದವೆಂದು ನಿನ್ನ ಅಕ್ಕ ಇನ್ನೂ ಹೇಳುತ್ತಾಳೆ.

ಅವಳು ಒಂಬತ್ತು ದಿನದಿಂದ ಅಂಚೆಯವನು ಬರುವ ಹೊತ್ತಿಗೆ ಬಾಗಿಲಲ್ಲಿರುತ್ತಾಳೆ. ನಿನ್ನೆ ಅವನೇ ಪಾಪ, "ಇವತ್ತೂ ಇಲ್ಲ ಸಿಸ್ಟರ್, ನಾಳೆ ನೋಡೋಣ" ಎಂದ. ಅವಳು ಬರೆದದ್ದೇನು ಎಂದು ನನಗೂ ಹೇಳಿದಳು, ಮೂವತ್ತೈದು ವರ್ಷದ ಸಂಸಾರದಲ್ಲಿ ಮೊದಲ ಸಲ. ಚಹಾ ಮಾಡಿಕೊಟ್ಟೆ. ಅದಕ್ಕೆ ಸಕ್ಕರೆ ಹೆಚ್ಚಾಯಿತೆಂದು ಬೈದಳು. ಆಗ ಸ್ವಲ್ಪ ಸಮಾಧಾನವಾಯಿತು.

ಸಿಟ್ಟಿದ್ದರೂ ಪರವಾಗಿಲ್ಲ, ಎರಡು ಸಾಲು ಗೀಚು.

ಭಾವ


22 ಜುಲೈ

ಅಕ್ಕ,

ನನಗೆ ಸಿಟ್ಟು ಬಂದಿತ್ತು. ಸುಳ್ಳು ಹೇಳುವುದಿಲ್ಲ. ಎರಡು ದಿನ ನಿನ್ನ ಮೇಲೆ, ಆಮೇಲೆ ನನ್ನ ಮೇಲೆ. ಪೆನ್ನು ಹಿಡಿದರೆ ಎರಡೂ ಸಿಟ್ಟು ಒಟ್ಟಿಗೆ ಬರುತ್ತಿದ್ದವು, ಅದಕ್ಕೇ ಬರೆಯಲಿಲ್ಲ.

ನಾನು ಅಂಗಡಿ ತೆರೆದ ವರ್ಷ ಅಪ್ಪ ಒಂದು ಸಲ ಬಂದಿದ್ದರು, ನಿನಗೆ ಗೊತ್ತಿರಲಿಕ್ಕಿಲ್ಲ. ಗಿರಾಕಿಯ ಹಾಗೆ ಸರದಿಯಲ್ಲಿ ಕೂತಿದ್ದರು. ಪರೀಕ್ಷೆಯ ಕುರ್ಚಿಯಲ್ಲಿ ಕೂರಿಸಿ, ದೀಪ ಹಿಡಿದು ಅವರ ಕಣ್ಣನ್ನು ನಾಲ್ಕು ಬೆರಳಿನಷ್ಟು ಹತ್ತಿರದಿಂದ ನೋಡಿದೆ. "ಇದರಲ್ಲಿ ಚೆನ್ನಾಗಿ ಕಾಣುತ್ತಾ, ಅದರಲ್ಲಾ?" ಎಂದು ಕೇಳಿದೆ. ಬೇರೆ ಒಂದು ಮಾತಿಲ್ಲ. ಅವರು "ಎರಡೂ ಚೆನ್ನಾಗಿದೆಯಪ್ಪ" ಎಂದರು. ಎರಡೂ ಚೆನ್ನಾಗಿರಲು ಸಾಧ್ಯವೇ ಇಲ್ಲ ಅಕ್ಕ, ನಂಬರ್ ಬೇರೆ ಬೇರೆ. ನನಗೆ ತೊಂದರೆ ಕೊಡಬಾರದೆಂದು ಹಾಗೆ ಹೇಳಿದರು. ಈ ಹತ್ತು ಹನ್ನೆರಡು ದಿನದಲ್ಲಿ ಆ ಕುರ್ಚಿಯಲ್ಲಿ ಯಾರು ಕೂತರೂ ಅದೇ ಪ್ರಶ್ನೆಯನ್ನು ಎರಡೆರಡು ಸಲ ಕೇಳುತ್ತಿದ್ದೆ.

ಮೊನ್ನೆ ಸಭೆಯಲ್ಲಿ ಎದ್ದು ನಿಂತೆ. ಗ್ಯಾಲರಿಯ ತುಂಬ ಬ್ಯಾನರ್ ಹಿಡಿದ ಹುಡುಗಿಯರು. "ಹೋದ ತಿಂಗಳು ನಾನು ಹೇಳಿದ ಕಥೆ ತಪ್ಪು. ನಮ್ಮ ಅಪ್ಪ ನಮ್ಮ ಅಕ್ಕನನ್ನು ತಡೆಯಲಿಲ್ಲ. ಕಳಿಸೋಕೆ ತಯಾರಾಗಿದ್ದರು. ನನಗೆ ಗೊತ್ತಿರಲಿಲ್ಲ, ಈಗ ಗೊತ್ತಾಯ್ತು. ಆ ಮಾತನ್ನ ಕಡತದಿಂದ ತೆಗೆಯಬೇಕು" ಎಂದೆ. ಮತ್ಯಾಕೆ ಹೋಗಲಿಲ್ಲ ಎಂದು ಯಾರೋ ಕೂಗಿದರು. "ಅದು ನನ್ನ ಮಾತಲ್ಲ, ಹೇಳೋ ಹಕ್ಕು ನನಗಿಲ್ಲ" ಎಂದೆ. ಆಮೇಲೆ ನಗು, ಗಲಾಟೆ. "ಇವತ್ತು ಅಕ್ಕ, ನಾಳೆ ಚಿಕ್ಕಮ್ಮ!" ಎಂದು ಒಬ್ಬ ಅಂದ. ಹತ್ತೊಂಬತ್ತು, ಇಪ್ಪತ್ತೊಂದು. ಎರಡು ಮತದಲ್ಲಿ ಸೋತೆ. ಒಬ್ಬರು ಚಹಾಕ್ಕೆ ಹೋದವರು ವಾಪಸ್ ಬರಲೇ ಇಲ್ಲ.

ಪತ್ರಿಕೆಯಲ್ಲಿ 'ಕಥೆಯೂ ವಾಪಸ್, ಕ್ರೀಡಾಂಗಣವೂ ವಾಪಸ್' ಎಂದು ಹಾಕಿದ್ದಾರೆ. ಆ ತುಣುಕು ಕಳಿಸುವುದಿಲ್ಲ.

ನಿನ್ನೆ ನಡೆದದ್ದು ಕೇಳು. ಅಂಗಡಿಗೆ ನೀರಿನ ಮೇಡಂ ಬಂದರು. ಕಾಲು ಕಳಚಿದ ಕನ್ನಡಕ ಮೇಜಿನ ಮೇಲಿಟ್ಟು, "ಸ್ಕ್ರೂ ಹಾಕಿಕೊಡಿ" ಎಂದರು. ನಾನು ಹಾಕುತ್ತಿದ್ದಾಗ, "ಇಪ್ಪತ್ತಮೂರು ಮತ ಇತ್ತಲ್ರೀ ನಿಮ್ಮ ಹತ್ರ. ಸುಮ್ನೆ ಇದ್ದಿದ್ರೆ ಗೆಲ್ತಿದ್ರಿ" ಎಂದರು.

"ಗೊತ್ತು."

"ಮತ್ತೆ ಯಾಕೆ ಬಾಯಿ ಬಿಟ್ರಿ?"

"ನಮ್ಮಪ್ಪನ ಹೆಸರು ಮೇಡಂ."

ಅವರು ಒಂದೇ ಕಾಲಿನ ಕನ್ನಡಕವನ್ನು ಹಾಗೇ ಕಣ್ಣಿಗೆ ಹಿಡಿದು ನನ್ನನ್ನು ಸರಿಯಾಗಿ ನೋಡಿದರು. "ಹುಲ್ಲು ಬೆಳೆಸೋಕೆ ಮೈದಾನಕ್ಕೆ ನೀರು ಬೇಕಲ್ಲ? ಅದರ ದೊಡ್ಡ ಪೈಪು ನಮ್ಮ ವಾರ್ಡ್ ಮೇಲೇ ಬರಬೇಕು. ಮೊದಲು ನಮ್ಮ ನಲ್ಲಿ, ಆಮೇಲೆ ನಿಮ್ಮ ಹುಲ್ಲು. ಕಾಗದದ ಮೇಲೆ ಬರೆದುಕೊಡ್ತೀರಾ?" ಎಂದರು. ಸ್ಕ್ರೂ ನನ್ನ ಕೈಯಿಂದ ಬಿದ್ದು ಎಲ್ಲೋ ಹೋಯಿತು. ಇಬ್ಬರೂ ನೆಲದ ಮೇಲೆ ಮಂಡಿಯೂರಿ ಹುಡುಕಿದೆವು.

ಅಕ್ಕ, ನೀನು ಲೋಟ ತೊಳೆಯುತ್ತಿದ್ದಾಗ ಕೂಗಿದವನು ನಾನು. ಅದನ್ನೂ ನಿನ್ನ ತಲೆಯ ಮೇಲೆ ಹೇರಿಕೊಳ್ಳಬೇಡ.

ಪುಟ್ಟ


3 ಆಗಸ್ಟ್

ಪುಟ್ಟ,

ಅಂಚೆಯವನು ಗೇಟಿನಿಂದಲೇ ಕಾಗದ ಎತ್ತಿ ತೋರಿಸಿಕೊಂಡು ಬಂದ. ನಿನ್ನ ಭಾವ ಅವನಿಗೆ ಚಹಾ ಕೊಟ್ಟರು.

ಅಪ್ಪ ನಿನ್ನ ಅಂಗಡಿಗೆ ಬಂದದ್ದು ನನಗೆ ಗೊತ್ತಿರಲಿಲ್ಲ. ಎರಡೂ ಚೆನ್ನಾಗಿದೆ ಅಂದರಲ್ಲ. ಅವರು ಹಾಗೇ.

ಈಗ ಕೆಲಸದ ಮಾತು. ನನ್ನ ಕಥೆ ಬೇಕಾದರೆ ಪೂರ್ತಿ ಹೇಳು, ನನ್ನ ಒಪ್ಪಿಗೆ ಇದೆ. ಆದರೆ ನಿನ್ನ ಕ್ರೀಡಾಂಗಣದ ವಿಚಾರದಲ್ಲಿ ನನಗೊಂದು ತಕರಾರಿದೆ. ವರ್ಷಕ್ಕೊಮ್ಮೆ ಕೂಟ ಬಂದು ಹೋಗಿ, ಉಳಿದ ದಿನ ಗೇಟಿಗೆ ಬೀಗ ಬಿದ್ದರೆ ನನ್ನಂಥ ಹುಡುಗಿಗೆ ಏನು ಬಂತು? ಅವಳಿಗೆ ಅದು ಊರಿನೊಳಗೇ ಇರುವ ದೂರದ ಮೈದಾನ, ಅಷ್ಟೇ. ಹೆರಿಗೆ ವಾರ್ಡಿನಲ್ಲಿ ನಾವು ಒಂದು ಪದ್ಧತಿ ಮಾಡಿಕೊಂಡಿದ್ದೆವು. ಏಳನೇ ತಿಂಗಳಲ್ಲೇ ಹುಡುಗಿಯರನ್ನು ಕರೆಸಿ ಕೋಣೆ ತೋರಿಸುತ್ತಿದ್ದೆವು. ಮಂಚ ಇದು, ದೀಪ ಇದು, ಇಲ್ಲಿ ನಾನು ನಿಂತಿರುತ್ತೇನೆ ಎಂದು. ನೋವು ಕಡಿಮೆಯಾಗುತ್ತಿರಲಿಲ್ಲ. ಹೆದರಿಕೆ ಅರ್ಧ ಇಳಿಯುತ್ತಿತ್ತು.

ಅದಕ್ಕೇ, ದಿನವೂ ಬೆಳಿಗ್ಗೆ ಗೇಟು ತೆಗೆದಿರಲಿ. ಯಾರು ಬೇಕಾದರೂ ಬಂದು ಓಡಲಿ, ನಡೆಯಲಿ, ಖಾಲಿ ಕುರ್ಚಿಗಳನ್ನು ನೋಡಿ ನೋಡಿ ಬೇಜಾರಾಗುವಷ್ಟು ನೋಡಲಿ. ಇದನ್ನೂ ಕಾಗದದ ಮೇಲೆ ಬರೆಸು. ನಿನ್ನ ನೀರಿನ ಮೇಡಂಗೆ ಹೇಳಿ ಬರೆಸು, ನಿನಗಿಂತ ಅವರು ಗಟ್ಟಿ ಎಂದು ಕಾಣುತ್ತದೆ.

ಮೇಲಿನ ಮಹಡಿಯವಳಿಗೆ ಹೆಣ್ಣುಮಗು. ಅದು ಅಳುವುದು ಮಿಷನ್ ಇಲ್ಲದೆಯೂ ಕೇಳಿಸುತ್ತದೆ.

ಅಕ್ಕ


6 ಅಕ್ಟೋಬರ್

ಅಕ್ಕ, ಭಾವ, ಇಬ್ಬರಿಗೂ,

ಇಪ್ಪತ್ತೇಳು, ಹದಿಮೂರು! ಗೆದ್ದೆವು. ಈ ಸಲ 'ಬಿದ್ದೆವು' ಎಂದು ಓದಿಕೊಳ್ಳಬೇಡಿ, ದಪ್ಪಕ್ಷರದಲ್ಲಿ ಬರೆದಿದ್ದೇನೆ.

ಠರಾವು ಮಂಡಿಸಿದ್ದು ನಾನಲ್ಲ, ನೀರಿನ ಮೇಡಂ. ಸಭೆಗೆ ಸಭೆಯೇ ಬೆಚ್ಚಿಬಿತ್ತು. ಮೊದಲನೇ ಷರತ್ತು ಪೈಪು. ಎರಡನೇದು ದಿನವೂ ಬೆಳಿಗ್ಗೆ ಐದೂವರೆಯಿಂದ ಒಂಬತ್ತರವರೆಗೆ ಗೇಟು ತೆರೆದಿರಬೇಕು, ಕೂಟ ನಡೆಯುವ ವಾರ ಬಿಟ್ಟು. "ಬೀಗ ಹಾಕಿದರೆ ನಾನೇ ಬಂದು ಒಡೀತೀನಿ" ಎಂದು ಕಡತಕ್ಕೆ ಸೇರುವ ಹಾಗೆ ಹೇಳಿದರು.

ನಿನ್ನ ಕಥೆ ಹೇಳಲಿಲ್ಲ. ಒಪ್ಪಿಗೆಯ ಕಾಗದ ಜೇಬಿನಲ್ಲೇ ಇತ್ತು. ಹೇಳಬೇಕಾದವಳು ನೀನು ಎನ್ನಿಸಿತು.

ಕ್ರೀಡಾ ಸಂಘದವರು ಡಿಸೆಂಬರಿನಲ್ಲಿ ಬಂದು ನೋಡುತ್ತಾರೆ. ಒಪ್ಪಿದರೆ ಮುಂದಿನ ನವೆಂಬರಿಗೆ ಕೂಟ.

ಪುಟ್ಟ


11 ಏಪ್ರಿಲ್

ಅಕ್ಕ,

ಒಂದು ಒಳ್ಳೆಯ ಸುದ್ದಿ, ಒಂದು ಕೆಟ್ಟದ್ದು. ಕೂಟ ನಮಗೇ ಎಂದು ಬರಹದಲ್ಲಿ ಬಂತು. ನಾನು ಚುನಾವಣೆ ಸೋತೆ.

ನೂರ ಹನ್ನೆರಡು ಮತದ ಅಂತರ. "ಊರಿಗೆಲ್ಲ ಮೈದಾನ ಮಾಡಿದ್ರಿ, ನಮ್ಮ ಬೀದಿ ದೀಪ ಎರಡು ವರ್ಷದಿಂದ ಉರೀತಿಲ್ಲ" ಎಂದು ಮೂಲೆ ಮನೆಯಜ್ಜಿ ಮುಖಕ್ಕೇ ಅಂದರು. ದೀಪ ನಿಜವಾಗಿಯೂ ಉರಿಯುತ್ತಿರಲಿಲ್ಲ. ನೀರಿನ ಮೇಡಂ ಗೆದ್ದರು. ಮೇಯರ್ ಆಗುತ್ತಾರಂತೆ. ಅವರ ವಾರ್ಡಿನಲ್ಲಿ ಈಗ ದಿನವೂ ನೀರು.

ಬೆಳಿಗ್ಗೆ ಮೈದಾನಕ್ಕೆ ಹೋಗಿದ್ದೆ. ಓಟದ ದಾರಿಯ ಇಟ್ಟಿಗೆ ಬಣ್ಣದ ರಬ್ಬರು ಅರ್ಧ ಸುತ್ತು ಹಾಸಿದ್ದಾರೆ. ಹಾಸಿರುವ ಅರ್ಧದಲ್ಲೇ ಹನ್ನೆರಡು ಹುಡುಗಿಯರು ಹೋಗಿ ತಿರುಗಿ, ಹೋಗಿ ತಿರುಗಿ ಓಡುತ್ತಿದ್ದರು. ಅವರಿಗೆ ಹೇಳಿಕೊಡುವವರು ಯಾರೂ ಇಲ್ಲ. ನೋಡುತ್ತ ಕೂತಿದ್ದರಿಂದ ಅಂಗಡಿ ತೆರೆಯುವುದು ತಡವಾಯಿತು.

ಬೇಜಾರಿದೆ. ಆದರೆ ಊಟ ಸೇರುತ್ತಿದೆ, ಭಾವನಿಗೆ ಹೇಳು.

ಪುಟ್ಟ


19 ಏಪ್ರಿಲ್

ಪುಟ್ಟ,

ಸೋತದ್ದಕ್ಕೆ ನಾನು ಸಮಾಧಾನ ಹೇಳುವುದಿಲ್ಲ. ದೀಪ ಹಾಕಿಸಬೇಕಿತ್ತು. ಈಗಲೂ ಮೇಯರಮ್ಮನ ಹತ್ತಿರ ಹೋಗಿ ಹಾಕಿಸು. ಕಾರ್ಪೊರೇಟರ್ ಅಲ್ಲದವರು ಅರ್ಜಿ ಕೊಡಬಾರದೆಂದು ಏನಿಲ್ಲವಲ್ಲ.

ಕೂಟಕ್ಕೆ ಸ್ವಯಂಸೇವಕರು ಬೇಕೆಂದು ಪತ್ರಿಕೆಯಲ್ಲಿ ಬಂದಿದೆ, ನಿವೃತ್ತ ನರ್ಸುಗಳಿಗೆ ಆದ್ಯತೆಯಂತೆ. ನಿನ್ನ ಭಾವ ಕೊನೆಯ ಪುಟದಿಂದ ಓದುವುದು ಒಮ್ಮೆಯಾದರೂ ಪ್ರಯೋಜನಕ್ಕೆ ಬಂತು. ಅರ್ಜಿ ಹಾಕಿದ್ದೇನೆ. ಪ್ರಥಮ ಚಿಕಿತ್ಸೆಯ ಡೇರೆ ಬೇಡ, ಓಟಕ್ಕೆ ಮುಂಚೆ ಹುಡುಗಿಯರನ್ನು ಕೂರಿಸುವ ಕೋಣೆ ಕೊಡಿ ಎಂದು ಬರೆದಿದ್ದೇನೆ.

ಕೂಟಕ್ಕೆ ಒಂದು ವಾರ ಮೊದಲೇ ಬರುತ್ತೇವೆ. ನಿನ್ನ ಮನೆಯ ಮೆಟ್ಟಿಲು ಎಷ್ಟಿವೆ ಎಂದು ಎಣಿಸಿ ತಿಳಿಸು.

ಅಕ್ಕ


24 ನವೆಂಬರ್

ಪುಟ್ಟ,

ನಾವು ಸುಖವಾಗಿ ಊರು ಸೇರಿದೆವು. ಹನ್ನೆರಡು ದಿನ ನಿನ್ನ ಮನೆಯಲ್ಲೇ ಇದ್ದೂ ಇದನ್ನು ಎದುರಿಗೆ ಹೇಳಲಾಗಲಿಲ್ಲ. ನಮಗಿಬ್ಬರಿಗೂ ಕಾಗದದ ಅಭ್ಯಾಸವಾಗಿಬಿಟ್ಟಿದೆ.

ನೀನು ಮೇಲೆ ಸಾಮಾನ್ಯ ಸಾಲಿನಲ್ಲಿ ಕೂತು ಕೂಗಿ ಕೂಗಿ ಗಂಟಲು ಕಟ್ಟಿಸಿಕೊಂಡೆ. ವೇದಿಕೆಯಿಂದ ಮೇಯರಮ್ಮ ನಿನ್ನ ಹೆಸರು ಹೇಳಿ ಎದ್ದು ನಿಲ್ಲಿಸಿದರೆಂದು ಭಾವ ನೂರು ಸಲ ಹೇಳಿದರು. ನಾನಿದ್ದದ್ದು ಕೆಳಗೆ, ಆ ಕೋಣೆಯಲ್ಲಿ. ಅಲ್ಲಿಗೆ ನಿಮಗ್ಯಾರಿಗೂ ಪ್ರವೇಶವಿಲ್ಲ, ಕೋಚುಗಳಿಗೂ ಇಲ್ಲ. ಎರಡು ಬೆಂಚು, ಒಂದು ಗಡಿಯಾರ, ನೀರಿನ ಬಾಟಲಿಗಳು. ಓಟಕ್ಕೆ ಮುಂಚೆ ಇಪ್ಪತ್ತು ನಿಮಿಷ ಹುಡುಗಿಯರನ್ನು ಅಲ್ಲಿ ಕೂರಿಸಿ, ನಂಬರು ನೋಡಿ, ಬೂಟಿನ ಮೊಳೆ ನೋಡಿ, ಸಾಲಾಗಿ ಹೊರಗೆ ಕಳಿಸುತ್ತಾರೆ. ಮೇಲಿನ ಗದ್ದಲ ಗೋಡೆಯೊಳಗಿಂದ ಬರುತ್ತದೆ. ಯಾರೂ ಯಾರೊಂದಿಗೂ ಮಾತಾಡುವುದಿಲ್ಲ.

ಎರಡನೆಯ ದಿನ ಎಂಟುನೂರು ಮೀಟರಿನ ಹುಡುಗಿಯರು ಬಂದರು, ಎಂಟು ಜನ. ಕೊನೆಯವಳು ಸಣಕಲು ಹುಡುಗಿ, ಹದಿನೇಳೋ ಹದಿನೆಂಟೋ. ಏಳು ಜನ ಎದ್ದು ಸಾಲು ನಿಂತರೂ ಇವಳು ಬೆಂಚಿನ ಅಂಚನ್ನು ಎರಡೂ ಕೈಯಲ್ಲಿ ಹಿಡಿದು ಕೂತಿದ್ದಳು. ಬೆರಳುಗಳು ಬೆಳ್ಳಗಾಗಿದ್ದವು. ಅಧಿಕಾರಿ ಎರಡು ಸಲ ನಂಬರು ಕರೆದರು. ನಾನು, "ಮೂರು ನಿಮಿಷ ಕೊಡಿ ಸರ್, ನಾನು ನರ್ಸು" ಎಂದೆ. ಆ ಮಾತು ಎಲ್ಲಿ ಬೇಕಾದರೂ ನಡೆಯುತ್ತದೆ. ಪಕ್ಕದಲ್ಲಿ ಕೂತೆ.

"ಅಜ್ಜಿ, ನನ್ನ ಕಾಲು ಬರ್ತಿಲ್ಲ" ಎಂದಳು.

"ನನ್ನದೂ ಬಂದಿರಲಿಲ್ಲ."

"ನೀವು ಓಡ್ತಿದ್ರಾ?"

"ಓಡ್ತಿದ್ದೆ. ಇದೇ ಕೂಟಕ್ಕೆ ಆಯ್ಕೆ ಆಗಿದ್ದೆ. ಹೆದರಿ ರೈಲೇ ಹತ್ತಲಿಲ್ಲ. ಅಪ್ಪ ಬೇಡ ಅಂದ್ರು ಅಂತ ಎಲ್ಲರಿಗೂ ಸುಳ್ಳು ಹೇಳಿದೆ."

ಅವಳು ತಲೆ ಎತ್ತಿ ನನ್ನ ಮುಖ ನೋಡಿದಳು. "ನಿಮ್ಮಪ್ಪ ಬೈಲಿಲ್ವಾ?"

ನಿನಗೂ ಬರೆಯದೆ ಬಿಟ್ಟಿದ್ದ ಒಂದು ಸಂಗತಿ ಆಗ ನನ್ನ ಬಾಯಿಂದ ಬಂತು ಪುಟ್ಟ. ಆ ರೈಲು ಹೋದ ಒಂದು ತಿಂಗಳಿಗೆ, ಒಂದು ಭಾನುವಾರ ಬೆಳಿಗ್ಗೆ, ಅಪ್ಪ ನನ್ನನ್ನು ಎಬ್ಬಿಸಿ ಶಾಲೆಯ ಬಯಲಿಗೆ ಕರೆದುಕೊಂಡು ಹೋದರು. "ಯಾರೂ ನೋಡ್ತಿಲ್ಲ, ಸುಮ್ನೆ ಒಂದು ಸುತ್ತು ಓಡು" ಎಂದರು. ನನಗಾಗಲ್ಲ ಎಂದೆ. ಆಗ ಅವರೇ ಓಡತೊಡಗಿದರು. ಗಿರಣಿಯ ಪ್ಯಾಂಟು, ಆಫೀಸಿನ ಬೂಟು. ಅರ್ಧ ಸುತ್ತಿಗೆ ಏದುಸಿರು, ಆದರೂ ನಿಲ್ಲಲಿಲ್ಲ, ಬಾ ಬಾ ಎಂದು ಕೈ ಬೀಸುತ್ತಿದ್ದರು. ನಾನು ನಗು ತಡೆಯಲಾರದೆ ಹಿಂದಿನಿಂದ ಓಡಿದೆ. ಅವರನ್ನು ದಾಟಲಿಲ್ಲ. ಪಕ್ಕದಲ್ಲೇ ಓಡಿದೆ. ಇದನ್ನೆಲ್ಲ ಆ ಹುಡುಗಿಗೆ ಹೇಳಿದೆ. ಅವಳು ಕಣ್ಣು ಒರೆಸಿಕೊಳ್ಳುತ್ತ, "ಬೂಟು ಹಾಕ್ಕೊಂಡಾ?" ಎಂದು ಕಿಸಕ್ಕನೆ ನಕ್ಕಳು.

"ಹೊರಗೆ ಜನ ತುಂಬಾ ಇದಾರಾ ಅಜ್ಜಿ?"

"ತುಂಬಾ ಇದಾರೆ. ಸುಳ್ಳು ಹೇಳಲ್ಲ. ಬಾಗಿಲ ತನಕ ನಾನು ಬರ್ತೀನಿ."

ಬಂದಳು. ನನ್ನ ಕೈ ಎಷ್ಟು ಬಿಗಿಯಾಗಿ ಹಿಡಿದಿದ್ದಳೆಂದರೆ ಉಂಗುರ ಒತ್ತಿ ಗುರುತು ಬಿತ್ತು. ಬಾಗಿಲಲ್ಲಿ ಬೆಳಕು ಬಿದ್ದ ಕೂಡಲೇ ಕೈ ಬಿಟ್ಟಳು, ಹಿಂದೆ ತಿರುಗಲಿಲ್ಲ. ಆ ಬಾಗಿಲಿಂದ ಓಟ ಕಾಣುವುದಿಲ್ಲ. ಗುಂಡಿನ ಶಬ್ದವಾಯಿತು, ಜನರ ಕೂಗು ಎದ್ದಿತು, ನನ್ನ ಮಿಷನ್ ಕುಯ್ಯೆಂದಿತು. ತೆಗೆದು ಜೇಬಿಗೆ ಹಾಕಿಕೊಂಡು ಗೋಡೆಗೆ ಅಂಗೈ ಇಟ್ಟು ನಿಂತೆ. ಗೋಡೆ ನಡುಗುತ್ತಿತ್ತು. ಎರಡು ನಿಮಿಷ ಚಿಲ್ಲರೆ. ಆಮೇಲೆ ನಿಂತಿತು.

ಸ್ವಲ್ಪ ಹೊತ್ತಿಗೆ ಚೀಲ ತೆಗೆದುಕೊಳ್ಳಲು ಬಂದಳು, ಬೆವರು ಸುರಿಯುತ್ತಿತ್ತು, ಮುಖ ಟೊಮೇಟೊ ಹಣ್ಣು. ಮಿಷನ್ ಸಿಕ್ಕಿಸಿಕೊಂಡು ಕೇಳಿದೆ, "ಎಷ್ಟನೆಯವಳಾದೆ?"

"ಆರನೆಯವಳು ಅಜ್ಜಿ!" ಎಂದಳು, ಮೊದಲು ಬಂದವಳ ಹಾಗೆ. "ನಾಳೆ ನನಗೆ ರಿಲೇ ಇದೆ. ನಾಳೆನೂ ಇಲ್ಲೇ ಇರ್ತೀರಾ?"

ಇರುತ್ತೇನೆ ಎಂದೆ.

ಅಕ್ಕ